ದುರ್ಗದಲ್ಲಿ ದೆವ್ವದ ನಡಿಗೆ: ಗೈಡ್ ಹಿಡಿಯುವುದರಿಂದ ಹಿಮ್ಮಡಿ ತೊಳೆಯುವವರೆಗೆ

ಚಿತ್ರದುರ್ಗದಲ್ಲಿ ‘ಗಾಳಿ’ ಎಂಬ ಮಾತಿಗೆ ಎರಡು ಅರ್ಥ. ಆಷಾಢದಲ್ಲಿ ಕೋಟೆಯ ಮೇಲೆ ನಿಂತವರ ಟೋಪಿ ಹಾರಿಸಿಕೊಂಡು ಹೋಗುವುದು ಒಂದು ಗಾಳಿ. ಹೊತ್ತಲ್ಲದ ಹೊತ್ತಿನಲ್ಲಿ ಹೊಂಡದ ಕಡೆ ಹೋಗಿ ಬಂದ ಹುಡುಗಿ ಮೂರು ದಿನ ಅನ್ನ ಬಿಟ್ಟು ಮಲಗಿದರೆ ಅಜ್ಜಿಯರು ‘ಗಾಳಿ ಸೋಕಿದೆ’ ಎನ್ನುತ್ತಿದ್ದರಲ್ಲ, ಅದು ಇನ್ನೊಂದು. ದೆವ್ವದ ಕತೆ ಕೇಳುತ್ತಾ ದುರ್ಗ ಸುತ್ತಬೇಕು ಎನ್ನುವವರು ಎರಡಕ್ಕೂ ತಯಾರಾಗಿ ಬರಬೇಕು. ಮೊದಲನೆಯದಕ್ಕೆ ಕಿವಿ ಮುಚ್ಚುವ ಒಂದು ಬಟ್ಟೆ ಸಾಕು. ಎರಡನೆಯದಕ್ಕೆ ಒಳ್ಳೆಯ ಗೈಡ್ ಬೇಕು.

ಅಮೆರಿಕದಲ್ಲಿ ಗೆಟ್ಟಿಸ್‌ಬರ್ಗ್ ಎಂಬ ಊರಿದೆ. 1863ರ ಜುಲೈನಲ್ಲಿ ಅಲ್ಲಿ ಮೂರು ದಿನ ಘೋರ ಕಾಳಗ ನಡೆಯಿತು. ಈಗ ಸಂಜೆಯಾದರೆ ಕಂದೀಲು ಹಿಡಿದ ಗೈಡ್‌ಗಳು ಪ್ರವಾಸಿಗರನ್ನು ಬೀದಿ ಬೀದಿ ಸುತ್ತಿಸಿ ಸತ್ತ ಸಿಪಾಯಿಗಳ ಕತೆ ಹೇಳುತ್ತಾರೆ. ಊರಿಗೆ ಅದೊಂದು ವ್ಯಾಪಾರವೇ ಆಗಿದೆ. ದುರ್ಗದಲ್ಲಿ ಅಂಥ ನಡಿಗೆಯನ್ನು ನೀವೇ ಹೊಂದಿಸಿಕೊಳ್ಳಬೇಕು. ನೆಂಟರನ್ನು, ಗೆಳೆಯರ ಮಕ್ಕಳನ್ನು ಹೀಗೆ ಹಲವು ಸಲ ಸುತ್ತಿಸಿ, ಒಂದೆರಡು ಸಲ ಮುಖಭಂಗವನ್ನೂ ಅನುಭವಿಸಿ ನಾನು ಕಂಡುಕೊಂಡ ಕ್ರಮವನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ತಿಂಗಳು ಗೊತ್ತುಮಾಡಿಕೊಳ್ಳಿ

ಕೋಟೆ ಭಾರತೀಯ ಪುರಾತತ್ವ ಇಲಾಖೆಯ ರಕ್ಷಣೆಯಲ್ಲಿದೆ. ಬೆಳಿಗ್ಗೆ ಆರರಿಂದ ಸಂಜೆ ಆರರವರೆಗೆ ಪ್ರವೇಶ. ಆರು ಸಮೀಪಿಸಿದಂತೆ ಕಾವಲುಗಾರರು ಸೀಟಿ ಊದುತ್ತಾ ಮೇಲಿನಿಂದ ಜನರನ್ನು ಇಳಿಸಿಕೊಂಡು ಬರುತ್ತಾರೆ. ಆದ್ದರಿಂದ ‘ರಾತ್ರಿ ಹನ್ನೆರಡಕ್ಕೆ ಕೋಟೆಯ ಮೇಲೆ ಕರೆದೊಯ್ಯುತ್ತೇನೆ’ ಎಂದು ಯಾರಾದರೂ ಪಿಸುಗುಟ್ಟಿದರೆ ಅಲ್ಲಿಂದ ನಡೆದುಬಿಡಿ. ಅದು ಕಾನೂನಿಗೆ ವಿರುದ್ಧ. ಜೊತೆಗೆ, ಪಕ್ಕದ ಜೋಗಿಮಟ್ಟಿ ಕಾಡಿನಲ್ಲಿ ಕರಡಿ, ಚಿರತೆಗಳಿವೆ. ಕತ್ತಲಲ್ಲಿ ಬಂಡೆಯ ಸಂದಿಯಿಂದ ಉಸಿರಾಟದ ಸದ್ದು ಬಂದರೆ ಅದು ದೆವ್ವವಾಗಿರಲಿ ಎಂದು ನೀವೇ ಹರಕೆ ಹೊರುತ್ತೀರಿ.

ಹಾಗಾದರೆ ಮುಸ್ಸಂಜೆಯನ್ನು ಕೋಟೆಯ ಮೇಲೆ ನೋಡುವುದು ಹೇಗೆ? ಇದಕ್ಕೆ ಉಪಾಯ ಪಂಚಾಂಗದಲ್ಲಿದೆ. ಬೇಸಿಗೆಯಲ್ಲಿ ಆರು ಗಂಟೆಗೂ ಬಿಸಿಲು ಬಂಡೆಯ ಮೇಲೆ ಕುಳಿತಿರುತ್ತದೆ. ನವೆಂಬರ್ ಮತ್ತು ಡಿಸೆಂಬರ್ ಮೊದಲ ವಾರಗಳಲ್ಲಿ ಸೂರ್ಯ ಆರಕ್ಕೆ ಸುಮಾರು ಹತ್ತು ನಿಮಿಷ ಮೊದಲೇ ಮುಳುಗುತ್ತಾನೆ. ಅಂದರೆ ಕೋಟೆ ತೆರೆದಿರುವಾಗಲೇ ನೆರಳು ಉದ್ದವಾಗಿ, ಬಂಡೆಗಳು ಬೂದಿ ಬಣ್ಣಕ್ಕೆ ತಿರುಗಿ, ಬಾವಲಿಗಳು ಹೊರಡುವ ಹೊತ್ತು ನಿಮಗೆ ಸಿಗುತ್ತದೆ. ಹುಣ್ಣಿಮೆಯ ಆಸುಪಾಸಿನ ದಿನ ಆರಿಸಿಕೊಂಡರೆ ಇಳಿದ ಮೇಲೆ ಪೇಟೆಯ ನಡಿಗೆಗೆ ಬೆಳದಿಂಗಳೂ ಇರುತ್ತದೆ. ಅಮಾವಾಸ್ಯೆ ಬೇಡ. ಭಯಕ್ಕೆಂದು ಹೇಳುತ್ತಿಲ್ಲ, ಅಂದು ಗುಡಿಗಳಲ್ಲಿ ಜನ ಹೆಚ್ಚು, ಗೈಡ್ ಬಿಡುವಾಗಿ ಸಿಗುವುದಿಲ್ಲ. ನವೆಂಬರ್ 11ರಂದು ಸರ್ಕಾರದ ಒನಕೆ ಓಬವ್ವ ಜಯಂತಿ ಇರುತ್ತದೆ. ಆ ದಿನದ ಗದ್ದಲದಲ್ಲಿ ಕತೆ ಕೇಳುವುದು ಕಷ್ಟ.

ಗೈಡ್ ಹಿಡಿಯುವುದು

ಇಡೀ ನಡಿಗೆ ಕೆಡುವುದೂ ಕುದುರುವುದೂ ಇಲ್ಲೇ. ಕೋಟೆಯ ಬಾಗಿಲಲ್ಲಿ ಗೈಡ್‌ಗಳು ನಿಂತಿರುತ್ತಾರೆ. ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದ್ದವರನ್ನು ಕೇಳಿ. ಮೊದಲ ಬಾಗಿಲು ದಾಟುವ ಮುಂಚೆಯೇ ಮೂರು ಮಾತು ಮುಗಿಸಿಕೊಳ್ಳಿ: ಎಷ್ಟು ಹಣ, ಎಷ್ಟು ಹೊತ್ತು, ಎಲ್ಲಿಯವರೆಗೆ. ‘ಎಲ್ಲಿಯವರೆಗೆ’ ಎಂಬುದು ಮುಖ್ಯ. ಕೆಲವರು ಸಂಪಿಗೆ ಸಿದ್ದೇಶ್ವರನ ಗುಡಿಯ ಮುಂದೆ ಕೈಮುಗಿದು ‘ಇಷ್ಟೇ ಸರ್’ ಎಂದುಬಿಡುತ್ತಾರೆ. ಓಬವ್ವನ ಕಿಂಡಿ ಇನ್ನೂ ದೂರವಿರುತ್ತದೆ.

ನಂತರ ಗೈಡ್‌ಗೆ ಒಂದು ಪ್ರಶ್ನೆ ಹಾಕಿ: ‘ಈ ಕೋಟೆಯಲ್ಲಿ ಸತ್ತವರಲ್ಲಿ ಯಾರ ಯಾರಿಗೆ ಈಗಲೂ ಪೂಜೆ ನಡೆಯುತ್ತದೆ?’ ದೆವ್ವದ ಕತೆ ಬೇಕು ಎಂದು ನೇರವಾಗಿ ಕೇಳಬೇಡಿ. ಹಾಗೆ ಕೇಳಿದ ತಕ್ಷಣ ಒಳ್ಳೆಯ ಗೈಡ್ ಮುಖ ಗಂಟಿಕ್ಕುತ್ತಾನೆ, ಕೆಟ್ಟ ಗೈಡ್ ರೈಲು ಬಿಡಲು ಶುರುಮಾಡುತ್ತಾನೆ. ಒಮ್ಮೆ ನಾನು ಕರೆದುಕೊಂಡು ಹೋದ ಬೆಂಗಳೂರಿನ ನೆಂಟರಿಗೆ ಒಬ್ಬ ಗೈಡ್ ಒಂದು ಹೊಂಡ ತೋರಿಸಿ, ಹುಣ್ಣಿಮೆಯ ರಾತ್ರಿ ಬಿಳಿ ಸೀರೆಯ ಹೆಂಗಸು ಇಲ್ಲಿ ಬಟ್ಟೆ ಒಗೆಯುವ ಸದ್ದು ಕೇಳುತ್ತದೆ ಎಂದು ಹೇಳಿದ. ಮಕ್ಕಳು ನನ್ನ ಅಂಗಿ ಹಿಡಿದುಕೊಂಡವು. ಎರಡು ತಿಂಗಳ ನಂತರ ಇನ್ನೊಂದು ಗುಂಪಿನೊಂದಿಗೆ ಹೋದಾಗ ಅದೇ ಮನುಷ್ಯ ಅದೇ ಸೀರೆಯನ್ನು ಬೇರೊಂದು ಹೊಂಡಕ್ಕೆ ಸಾಗಿಸಿದ್ದ. ಕೇಳಿದ್ದಕ್ಕೆ, ‘ಆ ಹೊಂಡದಲ್ಲಿ ಈಗ ನೀರು ಕಡಿಮೆ ಸರ್’ ಎಂದ. ಅವನ ಮೇಲೆ ಸಿಟ್ಟು ಬರಲಿಲ್ಲ. ಆದರೆ ಅಂದಿನಿಂದ ಒಂದು ಅಭ್ಯಾಸ ಮಾಡಿಕೊಂಡಿದ್ದೇನೆ. ಪ್ರತಿ ಕತೆಯಾದ ಮೇಲೆ ‘ಇದನ್ನು ನಿಮಗೆ ಯಾರು ಹೇಳಿದರು?’ ಎಂದು ಮೆಲ್ಲಗೆ ಕೇಳುತ್ತೇನೆ. ‘ಕಲ್ಲಿನಲ್ಲಿ ಬರೆದಿದೆ’ ಎಂದರೆ ಒಂದು ತೂಕ, ‘ನಮ್ಮ ತಾತ ಹೇಳುತ್ತಿದ್ದರು’ ಎಂದರೆ ಇನ್ನೊಂದು ತೂಕ. ತಾತ ಹೇಳಿದ್ದನ್ನು ತಾತ ಹೇಳಿದ್ದೆಂದೇ ಒಪ್ಪಿಕೊಳ್ಳುವ ಗೈಡ್ ಸಿಕ್ಕರೆ ಬಿಡಬೇಡಿ.

ಸಾಮಾನ್ಯವಾಗಿ ಎಲ್ಲ ಗೈಡ್‌ಗಳೂ ಒಪ್ಪಿಸುವ ಲೆಕ್ಕವೊಂದಿದೆ: 19 ಹೆಬ್ಬಾಗಿಲು, 38 ದಿಡ್ಡಿ ಬಾಗಿಲು, 35 ಕಳ್ಳದಾರಿ, 4 ಅದೃಶ್ಯ ದಾರಿ. ಅದೃಶ್ಯ ದಾರಿಗಳನ್ನು ಎಣಿಸಿದವರು ಯಾರು ಎಂದು ಚಿಕ್ಕ ಮಕ್ಕಳೇ ಕೇಳುತ್ತಾರೆ. ಕೇಳಲಿ ಬಿಡಿ.

ಚೀಲದಲ್ಲಿ ಏನಿರಬೇಕು

ಹಿಡಿತವಿರುವ ಬೂಟು, ಆಳಿಗೊಂದು ಲೀಟರ್ ನೀರು, ಸೆಲ್ ಹಾಕುವ ಟಾರ್ಚು. ಮೊಬೈಲ್ ಬೆಳಕನ್ನು ನಂಬಬೇಡಿ. ಫೋಟೊ ತೆಗೆದು ತೆಗೆದು ಸರಿಯಾಗಿ ಬೇಕಾದ ಹೊತ್ತಿಗೆ ಅದು ಸತ್ತಿರುತ್ತದೆ. ಪ್ಲಾಸ್ಟಿಕ್ ಕವರಿನಲ್ಲಿ ತಿಂಡಿ ತರಬೇಡಿ, ಕೋತಿಗಳಿಗೆ ಆ ಸರಬರ ಸದ್ದು ಚೆನ್ನಾಗಿ ಗೊತ್ತು. ಘಾಟು ಸೆಂಟು ಹಾಕಿಕೊಳ್ಳಬೇಡಿ, ಹೊಗೆ ಎಬ್ಬಿಸಬೇಡಿ: ಬಂಡೆಯ ಮರೆಯಲ್ಲಿ ಹೆಜ್ಜೇನು ಕಟ್ಟಿರುತ್ತದೆ, ಅದರ ಮುಂದೆ ಯಾವ ಬ್ರಹ್ಮರಾಕ್ಷಸನೂ ನಿಲ್ಲಲಾರ.

ಬೆಳಿಗ್ಗೆ: ಚಂದ್ರವಳ್ಳಿಯಲ್ಲಿ ಒಂದು ಪರೀಕ್ಷೆ

ಹಗಲಲ್ಲೇ ಕತ್ತಲು ಬೇಕಿದ್ದರೆ ಊರಿನ ಅಂಚಿನ ಚಂದ್ರವಳ್ಳಿಗೆ ಹೋಗಿ. ಮೂರು ಗುಡ್ಡಗಳ ನಡುವೆ ಕೆರೆ. ದಡದ ಭೈರವೇಶ್ವರ ಗುಡಿಯ ಬಳಿ ಬಂಡೆಯ ಮೇಲೆ ಕದಂಬ ಮಯೂರಶರ್ಮನ ಶಾಸನವಿದೆ. ಯುದ್ಧ ಮಾಡಿ ರಾಜ್ಯ ಕಟ್ಟಿದವನು ಇಲ್ಲಿ ಬರೆಸಿರುವುದು ಕೆರೆ ಕಟ್ಟಿಸಿದ ವಿಷಯವನ್ನು. 1947ರಲ್ಲಿ ಪುರಾತತ್ವಜ್ಞ ಮಾರ್ಟಿಮರ್ ವೀಲರ್ ಇಲ್ಲಿ ಅಗೆತ ನಡೆಸಿದ್ದರು.

ನಮಗೆ ಬೇಕಾದದ್ದು ಅಂಕಲಿ ಮಠದ ಗುಹೆ. ಮೆಟ್ಟಿಲಿಳಿಯುತ್ತಾ ಹೋದಂತೆ ಒಂದು ಕೋಣೆಯೊಳಗೆ ಇನ್ನೊಂದು ಕೋಣೆ. ಎರಡು ತಿರುವಿನ ನಂತರ ನಿಮ್ಮ ಕೈ ನಿಮಗೆ ಕಾಣುವುದಿಲ್ಲ. ಸ್ಥಳದ ಪರಿಚಯವಿರುವವರಿಲ್ಲದೆ ಇಳಿಯಲೇಬೇಡಿ. ನೆಲದಡಿಯ ಕೊನೆಯ ಕೋಣೆಯಲ್ಲಿ ಎಲ್ಲರೂ ಟಾರ್ಚು ಆರಿಸಿ ಒಂದು ನಿಮಿಷ ಸುಮ್ಮನೆ ನಿಲ್ಲಬೇಕು. ನನ್ನ ಲೆಕ್ಕದಲ್ಲಿ ಇಪ್ಪತ್ತು ಸೆಕೆಂಡಿಗೆ ಒಬ್ಬರು ಕೆಮ್ಮುತ್ತಾರೆ, ಮೂವತ್ತಕ್ಕೆ ಒಬ್ಬರು ನಗುತ್ತಾರೆ, ನಲವತ್ತಕ್ಕೆ ಯಾರೋ ‘ಸಾಕು, ಹಚ್ಚಿ’ ಎನ್ನುತ್ತಾರೆ. ಹಚ್ಚಿ ಎಂದವರನ್ನು ಸಂಜೆ ಗುಂಪಿನ ನಡುವೆ ನಡೆಸಿ, ಕೊನೆಯಲ್ಲಿ ಬಿಡಬೇಡಿ. ಗೈಡ್‌ನ ಪರೀಕ್ಷೆಯೂ ಇಲ್ಲೇ ಆಗಿಬಿಡುತ್ತದೆ. ಆ ಒಂದು ನಿಮಿಷ ಬಾಯಿ ಮುಚ್ಚಿಕೊಂಡಿರಲು ಬಲ್ಲವನಾದರೆ ಸಂಜೆಗೂ ಅವನೇ ಇರಲಿ.

ಮಧ್ಯಾಹ್ನ ಮೂರಕ್ಕೆ ಕೋಟೆ

ಟಿಕೆಟ್ ಕೊಂಡು ಒಳಹೊಕ್ಕೊಡನೆ ದಾರಿ ಹಾವಿನಂತೆ ತಿರುಗುತ್ತದೆ. ಆನೆ ಓಡಿಬಂದು ಬಾಗಿಲಿಗೆ ಗುದ್ದಲು ನೇರ ದಾರಿ ಸಿಗಬಾರದೆಂದು ಹಾಗೆ ಕಟ್ಟಿದ್ದಾರೆ. ತಿರುವಿನಲ್ಲಿ ನಿಂತು ಮೇಲೆ ನೋಡಿ. ಕೋಟೆಯ ತೆನೆಗಳ ನಡುವಿನ ಕಿಂಡಿಗಳೆಲ್ಲ ನಿಮ್ಮ ನೆತ್ತಿಯ ಕಡೆಗೇ ಮುಖ ಮಾಡಿವೆ. ಇಲ್ಲಿ ಸತ್ತವರು ತಮ್ಮನ್ನು ಕೊಂದವನ ಮುಖ ನೋಡಿರಲಿಕ್ಕಿಲ್ಲ. ನನಗೆ ಇಡೀ ಕೋಟೆಯಲ್ಲಿ ಮೈ ಜುಮ್ಮೆನ್ನುವ ಜಾಗ ಇದೇ. ಆದರೆ ಇಲ್ಲಿ ಯಾರೂ ದೆವ್ವದ ಕತೆ ಹೇಳುವುದಿಲ್ಲ.

ಸ್ವಲ್ಪ ಮುಂದೆ ಪಕ್ಕಕ್ಕೆ ತಿರುಗಿದರೆ ಮದ್ದು ಅರೆಯುವ ಕಲ್ಲುಗಳಿವೆ. ತಗ್ಗಿನಲ್ಲಿ ಕೂರಿಸಿದ ನಾಲ್ಕು ಭಾರಿ ಬೀಸುವ ಕಲ್ಲುಗಳು. ಮನುಷ್ಯರ ಬಲಕ್ಕೆ ತಿರುಗುವಂಥವಲ್ಲ. ಹೆಚ್ಚು ಹೊತ್ತು ಬೇಡ, ಹತ್ತು ನಿಮಿಷ ಸಾಕು.

ಮೇಲೇರಿದರೆ ಏಕನಾಥೇಶ್ವರಿಯ ಗುಡಿ. ಚಪ್ಪಲಿ ಬಿಟ್ಟು, ಕೈಮುಗಿದು, ಹೊರಗೆ ಜಗಲಿಯ ಮೇಲೆ ಕುಳಿತುಕೊಳ್ಳಿ. ಯುದ್ಧದ ಕತೆ ಹೇಳಿಸಬೇಕಾದದ್ದು ಇಲ್ಲಿ. 1568ರಲ್ಲಿ ತಿಮ್ಮಣ್ಣ ನಾಯಕನಿಂದ ಮೊದಲಾದ ಪಾಳೆಯಗಾರರ ವಂಶ 1779ರಲ್ಲಿ ಕೊನೆಯ ಮದಕರಿ ನಾಯಕ ಹೈದರಾಲಿಯ ಕೈಗೆ ಸಿಕ್ಕುವುದರೊಂದಿಗೆ ಮುಗಿಯಿತು. ಈ ಮುತ್ತಿಗೆಯ ಬಗ್ಗೆ ಮೈಸೂರಿನಲ್ಲಿ ಬ್ರಿಟಿಷ್ ರೆಸಿಡೆಂಟ್ ಆಗಿದ್ದ ಕರ್ನಲ್ ಮಾರ್ಕ್ ವಿಲ್ಕ್ಸ್ ಬರೆದಿಟ್ಟ ಒಂದು ಸಂಗತಿಯಿದೆ. ಪ್ರತಿ ಸೋಮವಾರ ನಾಯಕನ ಬೇಡ ಪಡೆಯವರು ದೇವಿಯ ಪೂಜೆ ಮುಗಿಸಿ ಕೊಂಬು ಊದುತ್ತಿದ್ದರಂತೆ. ಆ ದನಿ ಕೇಳಿದರೆ ಕೆಳಗಿನ ಪಾಳೆಯದಲ್ಲಿ ಎಲ್ಲರಿಗೂ ತಿಳಿಯುತ್ತಿತ್ತು, ಈಗ ಇಳಿದು ಬರುತ್ತಾರೆ ಎಂದು. ಯಾವ ದಿಕ್ಕಿನಿಂದ ಎಂಬುದು ಮಾತ್ರ ತಿಳಿಯುತ್ತಿರಲಿಲ್ಲ. ಬಂದವರು ಮೊದಲೇ ಗೊತ್ತುಮಾಡಿಕೊಂಡಷ್ಟು ತಲೆಗಳನ್ನು ಕಡಿದು ತಂದು ದೇವಿಯ ಮುಂದೆ ಒಪ್ಪಿಸುತ್ತಿದ್ದರು. ಕೋಟೆ ಬಿದ್ದ ಮೇಲೆ ಗುಡಿಯ ಎದುರು ಸಾಲುಸಾಲಾಗಿ, ಚಿಕ್ಕ ಚಿಕ್ಕ ಗೋಪುರಗಳಂತೆ ಪೇರಿಸಿಟ್ಟ ಸುಮಾರು 2,000 ತಲೆಗಳು ಸಿಕ್ಕವು ಎನ್ನುತ್ತಾನೆ ವಿಲ್ಕ್ಸ್. ಅವನು ಅದನ್ನು ಕಾಳಿಯ ಗುಡಿ ಎಂದಷ್ಟೇ ಕರೆದಿದ್ದಾನೆ; ಯಾವ ಗುಡಿಯೆಂದು ಗೈಡ್‌ಗಳು ಒಬ್ಬೊಬ್ಬರು ಒಂದೊಂದು ಕಡೆ ಬೆರಳು ತೋರಿಸುತ್ತಾರೆ. ಗೆದ್ದ ಹೈದರನ ಕಡೆಯವರಿಂದ ಕೇಳಿಕೊಂಡು, ಆಮೇಲೆ ಮೈಸೂರನ್ನೇ ಗೆದ್ದ ಬ್ರಿಟಿಷರ ಕಡೆಯವನು ಬರೆದ ಮಾತು ಇದು. ಅಷ್ಟು ಉಪ್ಪು ಬೆರೆಸಿಯೇ ಕೇಳಿ. ಹತ್ತು ವರ್ಷದೊಳಗಿನ ಮಕ್ಕಳಿದ್ದರೆ ಈ ಭಾಗವನ್ನು ಬಿಡಲು ಗೈಡ್‌ಗೆ ಮೊದಲೇ ಹೇಳಿಡಿ. ಇತ್ತೀಚೆಗೆ ಮನೆಯಲ್ಲಿ ಸಾವು ಕಂಡವರು ಜೊತೆಗಿದ್ದರೂ ಅಷ್ಟೇ.

ಮಕ್ಕಳಿಗೆ ಹಿಡಿಂಬೇಶ್ವರನ ಗುಡಿ. ಈ ಬೆಟ್ಟವೆಲ್ಲ ಹಿಡಿಂಬಾಸುರನ ವಾಸಸ್ಥಾನವಾಗಿತ್ತು, ಭೀಮ ಬಂದು ಅವನನ್ನು ಕೊಂದ ಎಂಬುದು ಸ್ಥಳಪುರಾಣ. ಗುಡಿಯಲ್ಲಿ ಅವನ ಹಲ್ಲೆಂದು ಹೇಳುವ ಒಂದು ಭಾರಿ ಹಲ್ಲು ಇತ್ತೆಂದೂ, ಕಬ್ಬಿಣದ ತಗಡಿನಿಂದ ಮಾಡಿದ, ಆರು ಅಡಿ ಎತ್ತರ, ಹತ್ತು ಅಡಿ ಸುತ್ತಳತೆಯ ‘ಭೀಮನ ಭೇರಿ’ ಇತ್ತೆಂದೂ ಹಳೆಯ ಗ್ಯಾಸೆಟಿಯರ್‌ನಲ್ಲಿ ದಾಖಲಾಗಿದೆ. ಸತ್ತ ರಾಕ್ಷಸನನ್ನು ದುರ್ಗದವರು ಹುಣಸೆ ಮರಕ್ಕೆ ನೇತುಹಾಕಲಿಲ್ಲ. ಅವನ ಹೆಸರಿನಲ್ಲೇ ಈಶ್ವರನನ್ನು ಕೂರಿಸಿ, ಮುಂದೆ ದೀಪಸ್ತಂಭ ನಿಲ್ಲಿಸಿ, ಉಯ್ಯಾಲೆ ಕಂಬ ಕಟ್ಟಿದರು. ಈ ಊರಿನಲ್ಲಿ ದೆವ್ವಗಳು ಯಾಕೆ ಕಡಿಮೆ ಎಂದು ನನಗೆ ಹೊಳೆದದ್ದು ಈ ಗುಡಿಯ ಮೆಟ್ಟಿಲ ಮೇಲೆ ಕುಳಿತಾಗಲೇ. ಸತ್ತವರಿಗೆ ಇಲ್ಲಿ ಬೇಗ ಕೆಲಸ ಕೊಟ್ಟುಬಿಡುತ್ತಾರೆ. ಕಾದಿ ಸತ್ತವನಿಗೆ ವೀರಗಲ್ಲು, ಚಿತೆ ಏರಿದವಳಿಗೆ ಮಾಸ್ತಿಕಲ್ಲು, ಅಸುರನಿಗೆ ಗುಡಿ. ಅಲೆಯಲು ಬಿಡುವೇ ಇಲ್ಲ.

ನಾಲ್ಕೂವರೆಯ ಹೊತ್ತಿಗೆ ಗೋಪಾಲಸ್ವಾಮಿ ಹೊಂಡ, ಅಕ್ಕ ತಂಗಿ ಹೊಂಡದ ಕಡೆ ನಡೆಯಿರಿ. ಅಕ್ಕ ತಂಗಿ ಹೊಂಡಕ್ಕೆ ಇಬ್ಬರು ಹೆಂಗಸರು ಹಾರಿ ಪ್ರಾಣ ಬಿಟ್ಟರು ಎಂಬ ಕತೆ ಕೇಳಿಬರುತ್ತದೆ. ಒಬ್ಬ ಗೈಡ್‌ನ ಬಾಯಲ್ಲಿ ಅವರು ನಾಯಕನ ರಾಣಿಯರು, ಇನ್ನೊಬ್ಬನ ಬಾಯಲ್ಲಿ ಬರೀ ಅಕ್ಕ ತಂಗಿಯರು. ಹೊಂಡದ ಅಂಚಿನ ಕಲ್ಲು ನುಣುಪು, ನೀರು ಆಳ. ಮಕ್ಕಳ ಕೈ ಹಿಡಿದುಕೊಳ್ಳಿ, ಬೆನ್ನು ತಿರುಗಿಸಿ ಸೆಲ್ಫಿ ತೆಗೆಯಬೇಡಿ. ಹೊಂಡಕ್ಕೆ ಮೂರನೆಯ ಕತೆ ಬೇಕಾಗಿಲ್ಲ.

ಅಲ್ಲಿಂದ ಅರಮನೆಯ ಬಯಲು. ಕಲ್ಲಿನ ಕೋಟೆಯ ನಡುವೆ ಉಳಿದಿರುವುದು ಎತ್ತರದ ಮಣ್ಣಿನ ಗೋಡೆಗಳು. ಕಣಜ, ಟಂಕಸಾಲೆ ಎಂದು ತೋರಿಸುತ್ತಾರೆ. ಮಳೆ ಕಡಿಮೆಯ ಸೀಮೆಯಾದ್ದರಿಂದ ಇಷ್ಟಾದರೂ ನಿಂತಿವೆ. ಇಲ್ಲಿ ಗುಂಪನ್ನು ಚದುರಿಸಿ, ಒಬ್ಬೊಬ್ಬರೂ ಒಂದೊಂದು ಗೋಡೆಯ ಬಳಿ ಐದು ನಿಮಿಷ ಒಂಟಿಯಾಗಿ ನಿಲ್ಲಲಿ. ದಿನವೆಲ್ಲ ಕಾದ ಬಂಡೆ ತಣಿಯುವಾಗ ಮೇಲ್ಪದರ ಎಲ್ಲೋ ಚಟ್ಟೆನ್ನುತ್ತದೆ. ಗಾಳಿ ತೆನೆಗಳ ಕಿಂಡಿಯಲ್ಲಿ ನುಗ್ಗಿದಾಗ ಯಾರೋ ಸೀಸೆಯ ಬಾಯಿಗೆ ಊದಿದ ಹಾಗೆ ಕೇಳುತ್ತದೆ. ನವಿಲು ಕೂಗಿದರೆ ಹೊಸಬರು ಮಗು ಅಳುತ್ತಿದೆ ಎಂದುಕೊಳ್ಳುತ್ತಾರೆ. ಯಾವ ಸದ್ದು ಯಾವುದರದು ಎಂದು ಗೈಡ್ ಆಮೇಲೆ ಹೇಳಲಿ, ಮೊದಲೇ ಬೇಡ.

ಆಮೇಲೆ ಹೇಳಿಸಬೇಕಾದ ಇನ್ನೊಂದು ಸಂಗತಿಯೂ ಇದೆ. ಕೋಟೆ ಬಿದ್ದ ಮೇಲೆ ಹೈದರ್ ಮದಕರಿಯನ್ನು ಕುಟುಂಬ ಸಮೇತ ಶ್ರೀರಂಗಪಟ್ಟಣದಲ್ಲಿ ಸೆರೆಯಿಟ್ಟ. ಇಲ್ಲಿನ ಬೇಡರು ಮತ್ತೆ ಒಗ್ಗೂಡಬಾರದೆಂದು 20,000 ಜನರನ್ನು ಅಲ್ಲಿಗೇ ಸಾಗಿಸಿ, ಹುಡುಗರನ್ನು ‘ಚೇಲಾ’ (ಸೆರೆಸಿಕ್ಕ ಹುಡುಗರಿಂದಲೇ ಕಟ್ಟಿದ) ಪಡೆಗಳಿಗೆ ಸೇರಿಸಿದನೆಂದು ಬ್ರಿಟಿಷರ ಕಾಲದ ದಾಖಲೆಗಳು ಹೇಳುತ್ತವೆ. ಒಂದೇ ಊರಿನಿಂದ ಇಪ್ಪತ್ತು ಸಾವಿರ ಜನ. ಎಷ್ಟು ಮನೆಗಳಲ್ಲಿ ಒಲೆ ಆರಿರಬೇಕು, ಎಷ್ಟು ದನಕರು ಕಟ್ಟಿದಲ್ಲೇ ಕೂಗಿರಬೇಕು! ನಾಲ್ಕು ವರ್ಷದ ನಂತರ, 1783ರಲ್ಲಿ ಬಿದನೂರಿನಲ್ಲಿ ಟಿಪ್ಪುವಿಗೆ ಶರಣಾದ ಇಂಗ್ಲಿಷ್ ಪಡೆಯ ಸೆರೆಯಾಳುಗಳಲ್ಲಿ ಹಲವರು ಇದೇ ದುರ್ಗದಲ್ಲಿ ಬಂದಿಗಳಾಗಿದ್ದರು. ಊರಿನವರನ್ನು ಹೊರಗೆ ಕಳುಹಿಸಿದ ಕೋಟೆಗೆ ಹೊರಗಿನವರು ಸೆರೆಯಾಗಿ ಬಂದರು.

ಐದು ಗಂಟೆಗೆ ಓಬವ್ವನ ಕಿಂಡಿಯ ಹತ್ತಿರದ ‘ತಣ್ಣೀರು ದೋಣಿ’ ಎಂಬ ನೀರಿನ ತಾಣದ ಬಳಿ ಇರಬೇಕು, ತಡವಾಗಕೂಡದು. ಓಬವ್ವನ ಕಿಂಡಿಯನ್ನು ಅವಸರದಲ್ಲಿ ನೋಡಿದರೆ ನೋಡಿದಂತಲ್ಲ. ಕತೆ ಎಲ್ಲರಿಗೂ ಗೊತ್ತು: ಕಾವಲಿನ ಕಹಳೆ ಮುದ್ದ ಹನುಮ ಊಟಕ್ಕೆ ಮನೆಗೆ ಬಂದ, ಹೆಂಡತಿ ಓಬವ್ವ ನೀರಿಗೆ ಹೋದಳು, ಕಿಂಡಿಯಿಂದ ಹೈದರನ ಸಿಪಾಯಿಗಳು ಒಬ್ಬೊಬ್ಬರಾಗಿ ತೂರಿ ಬರುತ್ತಿದ್ದುದನ್ನು ಕಂಡು ಒನಕೆ ಎತ್ತಿಕೊಂಡಳು. ಗೊತ್ತಿರುವ ಕತೆಯನ್ನೇ ಮತ್ತೆ ಕೇಳುವುದಕ್ಕಿಂತ ಹೀಗೆ ಮಾಡಿ. ಗುಂಪಿನ ಒಬ್ಬರು ಕಿಂಡಿಯ ಈಚೆ ನಿಲ್ಲಲಿ, ಇನ್ನೊಬ್ಬರು ಆಚೆಯಿಂದ ತೂರಿ ಬರಲಿ. ಬರುವವರ ಮೊದಲು ಕಾಣುವುದು ತಲೆ, ಅದೂ ಬಗ್ಗಿದ ತಲೆ. ಎರಡು ಕೈಯೂ ಬಂಡೆ ಹಿಡಿದಿರುತ್ತವೆ. ಕತ್ತಿ ಎತ್ತಲು ಜಾಗವಿಲ್ಲ, ಹಿಂದೆ ಸರಿಯಲು ಹಿಂದಿನವನು ಬಿಡುವುದಿಲ್ಲ. ಇಂಥ ಇಕ್ಕಟ್ಟಿನಲ್ಲಿ ಕತ್ತಿಗಿಂತ ಮೇಲಿನಿಂದ ಕೆಳಕ್ಕೆ ಬೀಳುವ ಒನಕೆಯೇ ಸರಿಯಾದ ಆಯುಧ ಎಂಬುದು ನೋಡಿದರೇ ತಿಳಿಯುತ್ತದೆ. ಭತ್ತ ಕುಟ್ಟಿದ ತೋಳಿಗೆ ಆ ಏಟು ಕಲಿಸಿಕೊಡಬೇಕಾಗಿರಲಿಲ್ಲ.

ಒಮ್ಮೆ ನಾವು ಅಲ್ಲಿರುವಾಗ ಹಿರಿಯೂರು ಕಡೆಯ ಒಬ್ಬ ಹೆಂಗಸು ತಾಯಿಯೊಂದಿಗೆ ಬಂದಳು. ಕೂಗಿಲ್ಲ, ಫೋಟೊ ಇಲ್ಲ. ಸೆರಗಿನ ಗಂಟು ಬಿಚ್ಚಿ ಎರಡು ಹಸಿರು ಗಾಜಿನ ಬಳೆ ತೆಗೆದು ಕಿಂಡಿಯ ಬಾಯಲ್ಲಿಟ್ಟಳು. ಒಂದು ಬಳೆ ಉರುಳಿ ಒಳಗೆ ಹೋಯಿತು. ಟಿಣ್ ಟಿಣ್ ಎಂದು ಎರಡು ಸಲ ಸದ್ದಾಗಿ ನಿಂತಿತು. ಅವಳ ತಾಯಿ, ‘ತೆಗೆದುಕೊಂಡಳು ಬಿಡು’ ಎಂದರು. ಅಷ್ಟು ಹೊತ್ತು ಒಂದೇ ಸಮನೆ ಮಾತನಾಡುತ್ತಿದ್ದ ನಮ್ಮ ಗೈಡ್ ಟೋಪಿ ತೆಗೆದು ಪಕ್ಕಕ್ಕೆ ಸರಿದು ನಿಂತ. ಕಿಂಡಿಯೊಳಗೆ ಬಗ್ಗಿ ‘ಹೂಊಊ’ ಎಂದು ಕೂಗಿ ಹೆದರಿಸುವ ಆಟ ಎಲ್ಲ ಗುಂಪಿನಲ್ಲೂ ಒಬ್ಬ ಆಡುತ್ತಾನೆ. ನಿಮ್ಮ ಗುಂಪಿನಲ್ಲಿ ಅದು ಬೇಡ.

ಐದೂವರೆಗೆ ಇಳಿಯಲು ಶುರುಮಾಡಿ. ಇಳಿಯುವಾಗ ಹತ್ತುವುದಕ್ಕಿಂತ ಕಷ್ಟ. ಲಕ್ಷಾಂತರ ಪಾದಗಳು ತಿಕ್ಕಿದ ಮೆಟ್ಟಿಲುಗಳು ಗಾಜಿನಂತಾಗಿವೆ. ಸೀಟಿ ಕೇಳಿದ ಮೇಲೆ ಓಡಬೇಡಿ, ಕಾವಲುಗಾರರು ನಿಮ್ಮನ್ನು ಒಳಗೆ ಬಿಟ್ಟು ಬೀಗ ಹಾಕುವುದಿಲ್ಲ.

ಇಳಿದ ಮೇಲೆ ಪೇಟೆ

ಮೊದಲು ಮಂಡಕ್ಕಿ, ಮಿರ್ಚಿ, ಚಹಾ. ಗೈಡ್‌ಗೂ ಕೊಡಿಸಿ. ಎಷ್ಟೋ ಒಳ್ಳೆಯ ಕತೆಗಳು ನನಗೆ ಸಿಕ್ಕಿರುವುದು ಮಿರ್ಚಿಯ ಖಾರಕ್ಕೆ ಮೂಗು ಒರೆಸಿಕೊಳ್ಳುವಾಗಲೇ.

ಏಳರ ನಂತರ ಹಳೆಯ ಪೇಟೆಯಲ್ಲಿ ನಡೆಯಿರಿ. ಬೀದಿದೀಪವಿದೆ, ಜನರಿದ್ದಾರೆ, ಯಾರ ಅನುಮತಿಯೂ ಬೇಕಿಲ್ಲ. ಏಕನಾಥೇಶ್ವರಿಯ ಪಾದಗುಡಿಯಿಂದ ಹೊರಟು ದೊಡ್ಡಪೇಟೆ, ಆನೆಬಾಗಿಲು, ರಂಗಯ್ಯನ ಬಾಗಿಲು, ಸಂತೆಹೊಂಡ ಎಂದು ಸುತ್ತಿದರೆ ಒಂದೂವರೆ ಗಂಟೆ. ರಂಗಯ್ಯನ ಬಾಗಿಲು ಕೋಟೆಯ ಹೊರಸುತ್ತಿನದು, ಅಲ್ಲೇ ವಸ್ತುಸಂಗ್ರಹಾಲಯವಿದೆ. ಹಗಲಲ್ಲಿ ಬಿಡುವಾದರೆ ಅಲ್ಲಿನ ಕಲ್ಲುಗಳನ್ನು ನೋಡಿಕೊಂಡು ಬನ್ನಿ. ಕೈ ಎತ್ತಿದ, ಬಳೆ ತೊಟ್ಟ ತೋಳು ಕೆತ್ತಿದ್ದರೆ ಅದು ಮಾಸ್ತಿಕಲ್ಲು. ಕೆಳಗೆ ಕಾಳಗ, ನಡುವೆ ಅಪ್ಸರೆಯರು ಒಯ್ಯುವುದು, ಮೇಲೆ ಲಿಂಗದ ಮುಂದೆ ಕುಳಿತಿರುವುದು ಇದ್ದರೆ ವೀರಗಲ್ಲು. ಇಷ್ಟು ಗೊತ್ತಿದ್ದರೆ ರಾತ್ರಿ ಯಾವುದೋ ಮನೆಯ ಕಟ್ಟೆಗೆ ಒರಗಿಸಿಟ್ಟ ಕಲ್ಲನ್ನು ಟಾರ್ಚಿನ ಓರೆ ಬೆಳಕಿನಲ್ಲಿ ನೀವೇ ಓದಬಹುದು. ಓರೆ ಬೆಳಕಿನಲ್ಲಿ ಹಗಲು ಕಾಣದ ಗೆರೆಗಳೂ ಏಳುತ್ತವೆ. ಮನೆಯವರನ್ನು ಕೇಳಿ ನೋಡಿ, ಕಲ್ಲಿನ ಮೇಲೆ ಕಾಲಿಡಬೇಡಿ, ಸುಣ್ಣ ಅರಿಶಿನ ಬಳಿದಿದ್ದರೆ ಮುಟ್ಟಬೇಡಿ.

ಪೇಟೆಯ ಕತೆಗಳಿಗೆ ಗೈಡ್‌ಗಿಂತ ಕಟ್ಟೆಯ ಮೇಲೆ ಕುಳಿತ ಹಿರಿಯರು ವಾಸಿ. ‘ಅಜ್ಜಾ, ಮೊದಲು ಈ ಬೀದಿ ಹೇಗಿತ್ತು?’ ಎಂದು ಶುರುಮಾಡಿ. ದೆವ್ವದ ವಿಷಯ ಎತ್ತುವುದೇ ಬೇಡ, ಕರೆಂಟ್ ಬರುವ ಮುಂಚಿನ ಕಾಲದವರೆಗೆ ಮಾತು ಹೋಯಿತೆಂದರೆ ದೆವ್ವ ತಾನಾಗಿ ಬರುತ್ತದೆ. ಕೊಳ್ಳಿದೆವ್ವ, ಬಾಗಿಲ ಮೇಲೆ ಬರೆಸುತ್ತಿದ್ದ ‘ನಾಳೆ ಬಾ’, ಬರಗೇರಮ್ಮ ಮತ್ತು ತಿಪ್ಪಿನಘಟ್ಟಮ್ಮ ಅಕ್ಕತಂಗಿಯರ ಭೇಟಿ ಉತ್ಸವದ ರಾತ್ರಿ, ಎಲ್ಲವೂ ಒಂದೇ ಉಸಿರಿನಲ್ಲಿ ಬರುತ್ತವೆ. ರೆಕಾರ್ಡ್ ಮಾಡುವುದಾದರೆ ಕೇಳಿ ಮಾಡಿ.

ದಾವಣಗೆರೆ ಕಡೆ ಹೋಗುವವರು ಮಾಯಕೊಂಡವನ್ನೂ ಸೇರಿಸಿಕೊಳ್ಳಬಹುದು. 1748ರಲ್ಲಿ ಹಿರೇಮದಕರಿ ನಾಯಕ ಸತ್ತ ಕಾಳಗ ನಡೆದದ್ದು ಅಲ್ಲಿ. ಈಗ ರೈಲು ನಿಲ್ದಾಣ, ಮೆಕ್ಕೆಜೋಳದ ಹೊಲಗಳು. ಕಾಳಗದ ಗುರುತು ಹುಡುಕಿಕೊಂಡು ಹೋದರೆ ನಿರಾಸೆಯಾಗುತ್ತದೆ. ತೆನೆ ಬಲಿತ ಕಾಲದಲ್ಲಿ ಒಣಗಿದ ಜೋಳದ ಗರಿಗಳು ಗಾಳಿಗೆ ಉಜ್ಜಿಕೊಳ್ಳುವ ಸದ್ದನ್ನು ಕೇಳಿಕೊಂಡು ಬನ್ನಿ.

ಗೈಡ್‌ಗೆ ಒಪ್ಪಿಕೊಂಡಷ್ಟು ಹಣವನ್ನು ಚೌಕಾಸಿ ಮಾಡದೆ ಕೊಡಿ. ರಾತ್ರಿ ಪೇಟೆ ಸುತ್ತಿಸಿದ್ದಕ್ಕೆ ಬೇರೆಯಾಗಿ ಸೇರಿಸಿ.

ಕೊನೆಯ ಕೆಲಸ ನನ್ನ ಅಜ್ಜಿಯದು. ಹೊತ್ತು ಮುಳುಗಿದ ಮೇಲೆ ಕೋಟೆಯ ಕಡೆಯಿಂದ ಬಂದ ಯಾರನ್ನೂ ಅವಳು ಕಾಲು ತೊಳೆಯದೆ ಒಳಗೆ ಬಿಡುತ್ತಿರಲಿಲ್ಲ. ಅಂಗಳದಲ್ಲಿ ತಂಬಿಗೆ ಹಿಡಿದು ನಿಂತು ಹಿಮ್ಮಡಿ ನೆನೆದಿದೆಯೇ ಎಂದು ನೋಡುತ್ತಿದ್ದಳು. ನಳಮಹಾರಾಜನ ಹಿಮ್ಮಡಿ ಒಣಗಿತ್ತೆಂದೇ ಶನಿ ಹೊಕ್ಕಿದ್ದು, ಗೊತ್ತಿಲ್ಲವೇ ಎಂದು ಗದರುತ್ತಿದ್ದಳು. ನೀವು ಉಳಿದುಕೊಂಡ ಲಾಡ್ಜಿನಲ್ಲಿ ತಂಬಿಗೆ ಸಿಗಲಿಕ್ಕಿಲ್ಲ, ನಲ್ಲಿ ಇರುತ್ತದೆ. ಕಾಲುಚೀಲ ಕಳಚಿ ತಿರುಗಿಸಿ ನೋಡಿ: ನಾಲ್ಕೈದು ನೆಗ್ಗಿಲಮುಳ್ಳು, ಒಂದಿಷ್ಟು ಕೆಂಪು ಮಣ್ಣು, ಎಲ್ಲಿಯದೋ ಹುಲ್ಲಿನ ಬೀಜ. ಮುಳ್ಳುಗಳನ್ನು ಒಂದೊಂದಾಗಿ ಕಿತ್ತು ಕಸದ ಬುಟ್ಟಿಗೆ ಹಾಕಿ. ಆಮೇಲೆ ಹಿಮ್ಮಡಿಗೆ ಇನ್ನೊಂದು ಸಲ ನೀರು ಬಿಟ್ಟುಕೊಳ್ಳಿ.